ಕಲ್ಲಿಗಾಗಿ ಹಾಕಿದ ರೈಲು

ರೈಲು ಅಂದ ಕೂಡಲೇ ನಮಗೆ ಇಂಜಿನ್ ಕಣ್ಣಿಗೆ ಕಟ್ಟುತ್ತದೆ. ಆದರೆ ನಾನು ಹೇಳಹೊರಟಿರುವ ರೈಲಿಗೆ ಇಂಜಿನ್ನೇ ಇರಲಿಲ್ಲ. ಕುದುರೆ ಎಳೆಯುತ್ತಿತ್ತು. ಅದನ್ನು ಹಾಕಿದ್ದೂ ಜನರಿಗಾಗಿ ಅಲ್ಲ, ಕಲ್ಲಿಗಾಗಿ!

ಅಮೆರಿಕದ ಬಾಸ್ಟನ್ ನಗರದ ಹತ್ತಿರ 1775ರಲ್ಲಿ ಬ್ರಿಟಿಷರ ವಿರುದ್ಧ ಬಂಕರ್ ಹಿಲ್ ಕಾಳಗ ನಡೆಯಿತು. ಅದರ ನೆನಪಿಗೆ ಕಲ್ಲಿನ ಸ್ತಂಭ ಕಟ್ಟಲು 1825ರಲ್ಲಿ ಅಡಿಗಲ್ಲು ಹಾಕಿದರು. ಒಳ್ಳೇ ಕಲ್ಲು ಇದ್ದದ್ದು ಕ್ವಿನ್ಸಿ ಎಂಬ ಊರಿನಲ್ಲಿ. ಅಷ್ಟು ಭಾರದ ಕಲ್ಲು ಸಾಗಿಸುವುದು ಹೇಗೆ? ಗ್ರಿಡ್ಲಿ ಬ್ರಯಂಟ್ ಎಂಬಾತ, ಗಣಿಯಿಂದ ನೆಪಾನ್ಸೆಟ್ ನದಿಯವರೆಗೆ ಹಳಿ ಹಾಕೋಣ, ಅಲ್ಲಿಂದ ದೋಣಿಯಲ್ಲಿ ಕಳಿಸೋಣ ಎಂದ. ದೂರ ಬರೀ ಮೂರು ಮೈಲಿ, ಅಂದರೆ ಸುಮಾರು 5 ಕಿಲೋಮೀಟರ್. 1826ರ ಅಕ್ಟೋಬರ್ 7ರಂದು ಗಾಡಿ ಓಡಿತು. ಇದೇ ಗ್ರಾನೈಟ್ ರೈಲ್ವೆ.

ಹಳಿ ಮರದ್ದು, ಮೇಲೆ ಕಬ್ಬಿಣದ ಪಟ್ಟಿ. ಅಡಿಯಲ್ಲಿ ಎಂಟೆಂಟು ಅಡಿಗೆ ಒಂದೊಂದು ಕಲ್ಲಿನ ದಿಮ್ಮಿ. ಗಾಡಿಯ ಚಕ್ರ ಆಳೆತ್ತರ! ನನಗೆ ತುಂಬಾ ಹಿಡಿಸಿದ್ದು ಕಲ್ಲು ಹೇರುವ ಉಪಾಯ. ಕಲ್ಲನ್ನು ಗಾಡಿಯ ಮೇಲಕ್ಕೆ ಎತ್ತುವ ಗೋಜೇ ಇಲ್ಲ. ಹಲಗೆಯ ಮೇಲೆ ಕಲ್ಲಿಟ್ಟು, ಗಾಡಿಯನ್ನೇ ಅದರ ಮೇಲೆ ತಂದು ನಿಲ್ಲಿಸಿ, ಸರಪಳಿಯಿಂದ ಹಲಗೆಯನ್ನು ಅಚ್ಚಿನ ಕೆಳಗೆ ಎತ್ತಿ ಕಟ್ಟುತ್ತಿದ್ದರು. ದಾರಿ ನದಿಯ ಕಡೆಗೆ ಇಳಿಜಾರು, ಆದ್ದರಿಂದ ಕುದುರೆಗೂ ಸುಲಭ.

1830ರಲ್ಲಿ ಎತ್ತರದ ಗಣಿಯೊಂದರಿಂದ ಕಲ್ಲು ಇಳಿಸಲು 315 ಅಡಿ ಉದ್ದದ ಕಡಿದಾದ ಇಳಿಜಾರು ಕಟ್ಟಿದರು. 1832ರ ಜುಲೈ 25ರಂದು, ನೋಡಲು ಬಂದಿದ್ದ ನಾಲ್ವರು ಖಾಲಿ ಗಾಡಿ ಹತ್ತಿ ಮೇಲೆ ಹೋಗುತ್ತಿದ್ದಾಗ ಸರಪಳಿ ತುಂಡಾಯಿತು. ಒಬ್ಬರು ಸತ್ತರು. ಅಮೆರಿಕದ ರೈಲು ದುರಂತಗಳಲ್ಲಿ ಇದು ತೀರಾ ಮೊದಲಿನವುಗಳಲ್ಲಿ ಒಂದು.

ಸ್ತಂಭ ಮುಗಿದದ್ದು 1842ರಲ್ಲಿ, ಎತ್ತರ 221 ಅಡಿ. ರೈಲು ಮಾತ್ರ ನಿಲ್ಲಲಿಲ್ಲ. ಬೇರೆ ಕಟ್ಟಡಗಳಿಗೂ ಕಲ್ಲು ಬೇಕಿತ್ತಲ್ಲ! 1871ರ ಹೊತ್ತಿಗೆ ಓಲ್ಡ್ ಕಾಲೊನಿ ಎಂಬ ದೊಡ್ಡ ರೈಲ್ವೆ ಕಂಪನಿ ಅದನ್ನು ಕೊಂಡು, ಹೊಸ ಹಳಿ ಹಾಕಿ, ತನ್ನ ಶಾಖೆ ಮಾಡಿಕೊಂಡಿತು. ಆಗ ಉಗಿ ಇಂಜಿನ್ ಬಂತು, ಕುದುರೆಗಳಿಗೆ ರಜೆ.

ಇನ್ನು ಬ್ರಯಂಟ್ ವಿಷಯ. ಉದ್ದನೆಯ ಕಂಬದ ಕಲ್ಲುಗಳು ನಾಲ್ಕು ಚಕ್ರದ ಗಾಡಿಯಲ್ಲಿ ಹಿಡಿಸುತ್ತಿರಲಿಲ್ಲ. ಆತ ಎರಡು ಗಾಡಿ ಸೇರಿಸಿ, ಮೇಲೆ ಒಂದೇ ಹಲಗೆ ಕೂರಿಸಿ, ಎಂಟು ಚಕ್ರದ ಗಾಡಿ ಮಾಡಿದ. ಆದರೆ ಪೇಟೆಂಟ್ ಮಾಡಿಸಲಿಲ್ಲ. ಪೇಟೆಂಟ್ ಅಂದರೆ ನಮ್ಮ ಉಪಾಯವನ್ನು ಬೇರೆಯವರು ಕೇಳದೆ ಬಳಸಬಾರದು ಅಂತ ಸರ್ಕಾರ ಕೊಡುವ ಹಕ್ಕು. ಮುಂದೆ ರಾಸ್ ವಿನಾನ್ಸ್ ಎಂಬಾತ ಎಂಟು ಚಕ್ರದ ಬೋಗಿ ತನ್ನದು, ದುಡ್ಡು ಕೊಡಿ ಅಂತ ರೈಲ್ವೆ ಕಂಪನಿಗಳ ಮೇಲೆ ಕೇಸು ಹಾಕಿದ. ಕಂಪನಿಗಳು ಬ್ರಯಂಟನ ಹಳೇ ಕಲ್ಲುಗಾಡಿಯನ್ನೇ ಸಾಕ್ಷಿಗೆ ತಂದವು. ವಿನಾನ್ಸ್ ಸೋತ. ಕಂಪನಿಗಳ ದುಡ್ಡು ಉಳಿಯಿತು. ಬ್ರಯಂಟ್ 1867ರಲ್ಲಿ ತೀರಿಕೊಂಡ.

ಈ ಸಲ ರೈಲು ನಿಂತಾಗ ಬೋಗಿಯ ಕೆಳಗೆ ಬಗ್ಗಿ ಎಣಿಸಿ ನೋಡಿ. ಒಂದು ಪಕ್ಕಕ್ಕೆ ನಾಲ್ಕು, ಆ ಪಕ್ಕಕ್ಕೆ ನಾಲ್ಕು.