ನೂರಕ್ಕೆ ನಲವತ್ತು

ಇತಿಹಾಸ ಅಂದ್ರೆ ರಾಜರು, ಯುದ್ಧ, ಇಸವಿ ಅಂತ ಶಾಲೆಯಲ್ಲಿ ಉರು ಹೊಡೆದವರು ನಾವು. ಈ ಸಲ ದುಡಿದವರ ಇತಿಹಾಸ ಓದೋಣ. ಶುರು ಮಾಡೋದು ಒಂದು ಅನುಪಾತದಿಂದ: 100 ಗಂಡಸರಿಗೆ 40 ಹೆಂಗಸರು.

ಬ್ರಿಟಿಷ್ ಸಾಮ್ರಾಜ್ಯದಲ್ಲಿ ಗುಲಾಮಗಿರಿ ನಿಂತ ಮೇಲೆ ಕಬ್ಬಿನ ತೋಟಗಳಿಗೆ ಆಳುಗಳು ಬೇಕಾದರು. ಭಾರತೀಯರನ್ನು ಐದು ವರ್ಷದ ಕರಾರಿನ ಮೇಲೆ ಹಡಗು ಹತ್ತಿಸಿದರು. 1879ರಿಂದ 1916ರವರೆಗೆ ಫಿಜಿಗೊಂದಕ್ಕೇ ಸುಮಾರು 60,000 ಜನ ಹೋದರು. ಅವರ ಬಾಯಲ್ಲಿ 'ಅಗ್ರಿಮೆಂಟ್' ಅನ್ನೋದು 'ಗಿರ್ಮಿಟ್' ಆಯ್ತು. 100 ಗಂಡಸರನ್ನು ಕಳಿಸಿದರೆ 40 ಹೆಂಗಸರನ್ನೂ ಕಳಿಸಬೇಕು ಎಂಬುದು ಸರ್ಕಾರದ ನಿಯಮ.

ಈಗ ಕೂಲಿಯ ಲೆಕ್ಕ. ಫಿಜಿಯಲ್ಲಿ ದಿನದ ಪಾಲಿನ ಕೆಲಸ ಮುಗಿಸಿದರೆ ಗಂಡಸಿಗೆ 1 ಶಿಲಿಂಗ್, ಅಂದರೆ 12 ಪೆನ್ಸ್. ಹೆಂಗಸಿಗೆ 9 ಪೆನ್ಸ್. ಅವಳ ಪಾಲಿನ ಕೆಲಸವೂ ಗಂಡಸಿನ ಮುಕ್ಕಾಲು. ಮುಕ್ಕಾಲು ಕೆಲಸ, ಮುಕ್ಕಾಲು ಕೂಲಿ, ಸರಿಯಾಗೇ ಇದೆ ಅನ್ಸುತ್ತೆ ಅಲ್ವಾ? ಆದರೆ ಹೊಲದಿಂದ ಬಂದ ಮೇಲೆ ಅಡುಗೆ, ನೀರು, ಮಗು? ಮರುದಿನ ಗಂಡಸು ಹೊಲಕ್ಕೆ ಹೋಗೋಕೆ ಆಗಿದ್ದೇ ಆ ದುಡಿಮೆಯಿಂದ. ಅದಕ್ಕೆ ಒಂದು ಪೆನ್ನಿಯೂ ಇಲ್ಲ.

1913ರಲ್ಲಿ ಕುಂತಿ ಎಂಬ ಕೂಲಿ ಹೆಂಗಸಿನ ಹೇಳಿಕೆ ಭಾರತದ ಪತ್ರಿಕೆಯಲ್ಲಿ ಬಂತು. ಮೇಲ್ವಿಚಾರಕ ಮೈಮೇಲೆ ಬಂದಾಗ ತಪ್ಪಿಸಿಕೊಂಡು ನದಿಗೆ ಹಾರಿದೆ ಎಂದಿದ್ದಳು. ಅದನ್ನು ಓದಿ ಇಲ್ಲಿಯ ಜನ ಸಿಟ್ಟಿಗೆದ್ದರು, ಹೋರಾಟ ಬಲವಾಯ್ತು. 1917ರಲ್ಲಿ ಕೂಲಿಗಳನ್ನು ಕಳಿಸೋದು ನಿಂತಿತು. 1920ರಲ್ಲಿ ಫಿಜಿಯಲ್ಲಿ ಉಳಿದಿದ್ದ ಕರಾರುಗಳೂ ರದ್ದಾದವು.

ಲ್ಯಾಬಿನಲ್ಲಿ ನಾವು ಅಳೆದದ್ದನ್ನಷ್ಟೇ ಬರೀತೀವಿ. ಯಾವುದನ್ನು ಅಳೆಯಲಿಲ್ಲ, ಯಾಕೆ ಅಳೆಯಲಿಲ್ಲ ಅಂತಲೂ ಕೇಳಬೇಕು. ಇವತ್ತು ರಾತ್ರಿ ಮನೆಗೆ ಫೋನ್ ಮಾಡಿದಾಗ ಅಮ್ಮನ ದಿನ ಎಷ್ಟು ಗಂಟೆಯದ್ದು ಅಂತ ಕೇಳಿ ನೋಡೋಣ.