ಕಾದಂಬರಿಯ ಮುಕ್ತಾಯ

ದೀರ್ಘವಾದ ಗದ್ಯಕಥೆಯನ್ನು ನಾವು ‘ಕಾದಂಬರಿ’ ಎನ್ನುವೆವು. ಮೂಲದಲ್ಲಿ ಇದು ಒಬ್ಬ ಕಥಾನಾಯಿಕೆಯ ಹೆಸರು. ಏಳನೆಯ ಶತಮಾನದಲ್ಲಿ ಹರ್ಷ ಚಕ್ರವರ್ತಿಯ ಆಶ್ರಯದಲ್ಲಿದ್ದ ಬಾಣಭಟ್ಟನು ಸಂಸ್ಕೃತದಲ್ಲಿ ಅವಳ ಪ್ರಣಯಕಥೆಯನ್ನು ಆರಂಭಿಸಿದನು. ಕ್ರಿ. ಶ. ೯೯೦ರ ಸುಮಾರಿನಲ್ಲಿ ಒಂದನೆಯ ನಾಗವರ್ಮನು ಅದನ್ನು ‘ಕರ್ಣಾಟಕ ಕಾದಂಬರಿ’ಯೆಂಬ ಚಂಪೂಕಾವ್ಯವಾಗಿ ಕನ್ನಡಕ್ಕೆ ತಂದನು. ಈ ಕಥೆಯ ಅಂತ್ಯವನ್ನು ಕುರಿತು ಇಲ್ಲಿ ಸ್ವಲ್ಪ ವಿಚಾರಿಸುವೆವು.

ಬಾಣನು ಕಥೆಯನ್ನು ಮುಗಿಸದೆಯೇ ಕಾಲವಾದನು. ಗಂಧರ್ವಕನ್ಯೆಯಾದ ಕಾದಂಬರಿಯ ವಿರಹವನ್ನು ಸಖಿ ಪತ್ರಲೇಖೆಯು ರಾಜಕುಮಾರ ಚಂದ್ರಾಪೀಡನಿಗೆ ತಿಳಿಸುತ್ತಿರುವಾಗ, ಮಾತಿನ ನಡುವೆಯೇ ಅವನ ಲೇಖನಿ ನಿಂತುಹೋಯಿತು. ಮಗನಾದ ಭೂಷಣಭಟ್ಟನು ಉತ್ತರಭಾಗವನ್ನು ರಚಿಸಿದನು. ಕಥೆಯು ಅರ್ಧಕ್ಕೆ ನಿಂತುದಕ್ಕಾಗಿ ಸಜ್ಜನರು ನೊಂದುದನ್ನು ಕಂಡು ತಾನು ಇದಕ್ಕೆ ತೊಡಗಿದೆನೇ ಹೊರತು ಕವಿತ್ವದ ಗರ್ವದಿಂದಲ್ಲವೆಂದು ಅವನು ಹೇಳಿಕೊಂಡಿರುವನು. ತಂದೆಮಕ್ಕಳ ಎರಡು ಭಾಗಗಳನ್ನೂ ನಾಗವರ್ಮನು ಒಂದೇ ಕಾವ್ಯವಾಗಿ ಹೆಣೆದನು.

ಅಂತ್ಯದ ಸಾರವಿಷ್ಟು: ಮಹಾಶ್ವೇತೆಯ ಪ್ರಿಯನಾದ ಪುಂಡರೀಕನು ವಿರಹದಿಂದ ಮಡಿದು ವೈಶಂಪಾಯನನಾಗಿ ಹುಟ್ಟಿದನು. ಅವನನ್ನು ಗುರುತಿಸಲಾರದ ಅವಳ ಶಾಪದಿಂದಲೇ ಮುಂದೆ ಗಿಳಿಯಾದನು. ಮಿತ್ರನ ಮರಣವಾರ್ತೆಯಿಂದ ಚಂದ್ರಾಪೀಡನ ಎದೆಯೊಡೆಯಿತು; ಶಾಪಗ್ರಸ್ತನಾದ ಚಂದ್ರನೇ ಆಗಿದ್ದ ಅವನು ಶೂದ್ರಕ ರಾಜನಾಗಿ ಮರಳಿ ಹುಟ್ಟಿದನು. ಪುರುಷರು ಜನ್ಮಜನ್ಮಗಳಲ್ಲಿ ಅಲೆದು ತಮ್ಮನ್ನೇ ಮರೆತರು. ಸ್ತ್ರೀಯರಿಬ್ಬರು ಅದೇ ದೇಹದಲ್ಲಿ, ಅದೇ ನೆನಪಿನಲ್ಲಿ ಕಾದರು. ಕಾದಂಬರಿಯು ಪ್ರಿಯನ ಕೆಡದ ದೇಹವನ್ನು ಅಚ್ಛೋದ ಸರೋವರದ ಬಳಿ ಕಾಪಾಡಿದಳು. ಶಾಪವು ತೀರಿದ ವಸಂತದಲ್ಲಿ ಅವನು ಎದ್ದನು, ಪುಂಡರೀಕನೂ ಬಂದನು. ಎರಡು ವಿವಾಹಗಳು ನೆರವೇರಿದುವು.

ಇಲ್ಲಿಗೆ ಮಂಗಳ ಹಾಡಬಹುದಾಗಿತ್ತು. ಆದರೆ ಭೂಷಣಭಟ್ಟನ ಕಾದಂಬರಿಯು ಸುಖದ ನಡುವೆ ಕಣ್ಣೀರಿಟ್ಟು, ಎಲ್ಲರೂ ಕೂಡಿರುವಾಗ ಪತ್ರಲೇಖೆಯೊಬ್ಬಳೇ ಏಕೆ ಕಾಣಳೆಂದು ಪತಿಯನ್ನು ಕೇಳುವಳು. ಪತ್ರಲೇಖೆಯು ಸೋತ ಕುಲೂತರಾಜನ ಮಗಳು. ಸೆರೆಯಾಳಾಗಿ ಬಂದು ಚಂದ್ರಾಪೀಡನ ತಾಂಬೂಲವಾಹಿನಿಯಾದವಳು. ಅವನು ಮಡಿದಾಗ ಸರೋವರಕ್ಕೆ ಹಾರಿದವಳು. ಅವಳು ಚಂದ್ರನ ಪತ್ನಿ ರೋಹಿಣಿಯೆಂದೂ, ಪತಿಗೆ ಶಾಪ ತಗಲಿದುದನ್ನು ಕೇಳಿ, ಅವನು ಬೇಡವೆಂದರೂ ಸೇವೆಗಾಗಿ ತಾನಾಗಿಯೇ ಭೂಮಿಗೆ ಇಳಿದವಳೆಂದೂ ಆಗ ತಿಳಿಯುವುದು. ಆ ಔದಾರ್ಯಕ್ಕೆ ಕಾದಂಬರಿಯು ಬೆರಗಾಗಿ ನಾಚುವಳು. ಮಿಲನಕ್ಕಿಂತ ಈ ಪ್ರಶ್ನೆಯೇ ಕಥೆಯ ನಿಜವಾದ ಮುಕ್ತಾಯವೆಂದು ನಮಗೆ ತೋರುವುದು.

ಸುರಪುರದ ನಮ್ಮ ಹಳೆಯ ವಿದ್ಯಾರ್ಥಿನಿಯರು ಕೂಡಿದಾಗ ಪರೀಕ್ಷೆ ಮುಗಿಸಿದವರ ಹೆಸರುಗಳು ಬೇಗನೆ ನೆನಪಾಗುವುವು. ಮದುವೆಗಾಗಿಯೋ, ಹೊಲದ ಕೆಲಸಕ್ಕಾಗಿಯೋ, ತಮ್ಮತಂಗಿಯರನ್ನು ನೋಡಿಕೊಳ್ಳುವುದಕ್ಕಾಗಿಯೋ ನಡುವೆ ಶಾಲೆ ಬಿಟ್ಟವಳನ್ನು ಕೇಳುವವರು ಕಡಮೆ. ಅವಳು ಬಿಟ್ಟುದರಿಂದಲೇ ಆ ಮನೆಯ ತಮ್ಮನು ಓದಿದ್ದುಂಟು. ತೊಂಬತ್ತೊಂಬತ್ತು ಕುರಿಗಳನ್ನು ಬಿಟ್ಟು ಒಂದನ್ನು ಹುಡುಕಹೋದ ಕುರುಬನ ಸಾಮ್ಯವನ್ನು ನಾವು ಲೂಕನ ಸುವಾರ್ತೆಯ ೧೫ನೆಯ ಅಧ್ಯಾಯದಲ್ಲಿ ಎಷ್ಟೋ ಸಲ ಓದಿರುವೆವು. ಆದುದರಿಂದ ಸಹೋದರಿಯರೇ, ನಿಮ್ಮ ತರಗತಿಯಲ್ಲಿ ಇಂದು ಕಾಣದಿರುವವಳಾರೆಂದು ವಿಚಾರಿಸಿರಿ. ಅವಳ ಮನೆಗೆ ಹೋಗಿಬನ್ನಿರಿ. ತಾಯಿತಂದೆಗಳಲ್ಲಿ ನಮ್ಮ ಬಿನ್ನಹವೂ ಇದೇ: ಮಗಳ ಓದು ಬಾಣನ ಗ್ರಂಥದಂತೆ ಮಾತಿನ ನಡುವೆ ನಿಲ್ಲದಿರಲಿ.