ಜಾತ್ರೆಯಲ್ಲಿ ಕೂಸು ಯಾಕ ಚೀರ್ತದ?

ಯಾದಗಿರಿ ಹತ್ತಿರ ಮೈಲಾಪುರ ಇದೆ. ಸಂಕ್ರಾಂತಿಗೆ ಅಲ್ಲಿ ಮಲ್ಲಯ್ಯನ ಜಾತ್ರೆ. ಶಹಾಪುರ, ಸುರಪುರ ಕಡೆಯಿಂದಲೂ ಜನ ಬರುತ್ತಾರೆ. ನಾವೂ ಮಕ್ಕಳನ್ನು ಕಟ್ಟಿಕೊಂಡು ಹೋಗುತ್ತೇವೆ.

ಅಲ್ಲಿ ಏನೇನಿರುತ್ತದೆ? ಡೊಳ್ಳಿನ ಸದ್ದು. "ಏಳುಕೋಟಿ" ಎಂಬ ಕೂಗು. ಮೈಕಿನ ಗದ್ದಲ. ಪಲ್ಲಕ್ಕಿ ಬಂದಾಗ ಭಂಡಾರ ತೂರುತ್ತಾರೆ. ಕಣ್ಣು, ಮೂಗು, ಬಾಯಿ ಎಲ್ಲಾ ಹಳದಿ. ಹಿಂದೆ ಪಲ್ಲಕ್ಕಿ ಮೇಲೆ ಕುರಿಮರಿಗಳನ್ನೂ ಎಸೆಯುತ್ತಿದ್ದರು. ಜಿಲ್ಲಾಡಳಿತ ಅದನ್ನು ನಿಷೇಧಿಸಿದೆ. ಒಳ್ಳೇದೇ ಆಯ್ತು. ನೂಕುನುಗ್ಗಲು ಮಾತ್ರ ಇದ್ದದ್ದೇ.

ಇಂಥಾ ಕಡೆ ಒಂದೊಂದು ಕೂಸು ಕಿವಿ ಮುಚ್ಕೊಂಡು ಚೀರ್ತದ. ನೆಲಕ್ಕ ಬಿದ್ದು ಹೊರಳಾಡ್ತದ. ಇಲ್ಲಾ ಕಲ್ಲಿನಂಗ ನಿಂತುಬಿಡ್ತದ. ಆಗ ಜನ ಏನಂತಾರ?

"ಭಾಳ ಹಟ ಅದ, ಎರಡು ಬಿಡ್ರಿ."

"ಗಾಳಿ ಬಡದದ, ತಾಯತ ಕಟ್ಟಸ್ರಿ."

ತಾಯಿಗಂತೂ ಬೈಗುಳ ತಪ್ಪಿದ್ದಲ್ಲ.

ಇದು ಹಟ ಅಲ್ಲ, ಅಕ್ಕಂದಿರೇ. ಗಾಳಿಯೂ ಅಲ್ಲ. ಕಣ್ಣು, ಕಿವಿ, ಮೂಗು, ನಾಲಿಗೆ, ಚರ್ಮ ಇವು ಮಿದುಳಿಗೆ ಸುದ್ದಿ ತರುತ್ತವೆ. ಮಿದುಳು ಬೇಕಾದದ್ದನ್ನು ಇಟ್ಟುಕೊಂಡು ಬೇಡಾದದ್ದನ್ನು ಬಿಡುತ್ತದೆ. ನಾವು ಮೊರದಲ್ಲಿ ಜೋಳ ಕೇರುವುದಿಲ್ಲವೇ, ಹಾಗೆ. ಮೊರದ ಮೇಲೆ ಇಡೀ ಚೀಲ ಸುರಿದರೆ ಕೇರಲಿಕ್ಕೆ ಆದೀತೇ? ಆ ಕೂಸಿಗೆ ಆಗುವುದೂ ಅದೇ. ಆಟಿಸಂ ಇರುವ ಮಕ್ಕಳಲ್ಲಿ ಇದು ಹೆಚ್ಚು. ಆದರೆ ಇದೊಂದನ್ನೇ ನೋಡಿ ಆಟಿಸಂ ಅನ್ನಬಾರದು. ದೊಡ್ಡವರಿಗೂ ಹೀಗಾಗುವುದುಂಟು.

ಆಗ ನಾವೇನು ಮಾಡಬೇಕು? ಹೊಡೆಯಬಾರದು. ಗದರಿಸಿದರೆ ಗದ್ದಲಕ್ಕೆ ಇನ್ನೊಂದು ಗದ್ದಲ ಸೇರಿಸಿದಂತೆ. ಮೊದಲು ಕೂಸನ್ನು ದೂರ ಒಯ್ಯಬೇಕು. ಯಾವುದಾದರೂ ಹೊಲದ ಬದು, ಒಂದು ಬೇವಿನ ಮರ, ಅಷ್ಟು ಸಾಕು. ನೀರು ಕೊಡಿ. "ಏನಾತು, ಏನಾತು" ಅಂತ ಕೇಳುತ್ತಾ ಕೂಡಬೇಡಿ. ಕೆಲವು ಕೂಸುಗಳಿಗೆ ಅಪ್ಪಿಕೊಂಡರೆ ಸಮಾಧಾನ. ಕೆಲವಕ್ಕೆ ಮುಟ್ಟಿದರೂ ತಡೆಯದು. ಅದು ಹೆತ್ತವಳಿಗೇ ಗೊತ್ತು. ಅರ್ಧ ತಾಸು ಹಿಡಿದರೂ ಹಿಡಿಯಲಿ. ದೇವರೇನೂ ಓಡಿಹೋಗುವುದಿಲ್ಲ.

ಮುಂದಿನ ಸಲ ನಸುಕಿನಲ್ಲೇ, ಪಲ್ಲಕ್ಕಿ ಹೊರಡುವ ಮುಂಚೆ ದರ್ಶನ ಮುಗಿಸಿರಿ. ಕಿವಿ ಮುಚ್ಚುವಂತೆ ಕುಲಾವಿ ಹಾಕಿರಿ.

ಮನೆಯಲ್ಲೂ ಸಣ್ಣ ಸದ್ದಿಗೆ ಬೆಚ್ಚುವ, ಹೆಸರು ಕರೆದರೆ ತಿರುಗಿ ನೋಡದ, ಮಾತು ತಡವಾದ ಕೂಸಿದ್ದರೆ ಅಂಗನವಾಡಿ ಟೀಚರಿಗೆ ಹೇಳಿರಿ. 2013ರಿಂದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮ ಎಂಬ ಸರ್ಕಾರಿ ಯೋಜನೆ ಇದೆ. ಅದರ ವೈದ್ಯರ ತಂಡ ಅಂಗನವಾಡಿಗೇ ಬಂದು ಮಕ್ಕಳನ್ನು ನೋಡುತ್ತದೆ. ದುಡ್ಡು ಕೊಡಬೇಕಿಲ್ಲ. ತಂಡ ಬರುವ ದಿನ ಯಾವುದು ಅಂತ ಟೀಚರಿಗೆ ಕೇಳಿ, ಅವತ್ತು ಕೂಲಿಗೆ ಹೋಗದೆ ಕೂಸಿನ ಜೊತೆ ನೀವೇ ಇರಿ.